ಕರ್ಣ–ಕುಂತಿ ಭೇಟಿ: ತಾಳಮದ್ದಲೆಗೆ ಕೂರುವ ಮುನ್ನ

ಶಿರಸಿ, ಸಿದ್ದಾಪುರದ ಕಡೆ ಮಳೆಗಾಲದ ತಾಳಮದ್ದಲೆ ಕೂಟಕ್ಕೆ (ವೇಷ, ಕುಣಿತವಿಲ್ಲದೆ ಕೂತು ಹಾಡು–ಮಾತಿನಲ್ಲೇ ನಡೆಸುವ ಯಕ್ಷಗಾನ) ಕರ್ಣನನ್ನು ಕೌರವರಿಂದ ಬೇರ್ಪಡಿಸಲು ನೋಡುವ ಕರ್ಣಭೇದನ ಪ್ರಸಂಗ ಇಟ್ಟುಕೊಂಡವರು ಎಡವುವುದು ಕುಂತಿ ಬಂದಾಗಲೇ. ಪಾತ್ರವಾಗಿ ಮಾತಾಡುವ ಅರ್ಥಧಾರಿಗಳಿಬ್ಬರೂ ವಾದ ಗೆಲ್ಲಲು ಹೊರಡುತ್ತಾರೆ. ದಾಯಾದಿ ಯುದ್ಧದ ಹೊಸ್ತಿಲಲ್ಲಿ ನಡೆಯುವ ಈ ಮಾತಿನಲ್ಲಿ ಯಾರೂ ಗೆಲ್ಲುವುದಿಲ್ಲ. ತಾಯಿ ಮಗ ಒಂದಾಗುತ್ತಾರೆ, ಪಕ್ಷ ಮಾತ್ರ ಬದಲಾಗುವುದಿಲ್ಲ. ಎರಡೂ ಕೇಳುಗರಿಗೆ ಮುಟ್ಟಬೇಕು.

ಮೂರು ತಾಸಿನ ಕೂಟವಾದರೆ ಕುಂತಿಗೆ 45 ನಿಮಿಷ ತೆಗೆದಿಡಿ. ಕೃಷ್ಣ–ಕರ್ಣರ ಸಂವಾದ ಬೆಳೆದು ಇದನ್ನು ನುಂಗಿಬಿಡುತ್ತದೆ. ಯಾವ ಪದ್ಯ ಬಿಡುವುದು, ಎಲ್ಲಿ ಮುಂದಿನದನ್ನು ಎತ್ತುವುದು ಎಂದು ಪದ್ಯ ಹಾಡುವ ಭಾಗವತರ ಜೊತೆ ಮೊದಲೇ ಕೂತು ಗುರುತು ಹಾಕಿಕೊಳ್ಳಿ. ಒಂದು ಪದ್ಯದ ಅರ್ಥ, ಅಂದರೆ ಅದರ ಮೇಲೆ ಆಡುವ ಮಾತು, ಏಳೆಂಟು ನಿಮಿಷ ದಾಟದಿರಲಿ.

ಕುಂತಿಯ ಪೀಠಿಕೆಯಲ್ಲಿ ವಂಶಾವಳಿ ಬೇಡ. ವ್ಯಾಸಭಾರತದ ಒಂದು ಚಿತ್ರ ಸಾಕು: ಗಂಗೆಯ ದಡದಲ್ಲಿ ಕರ್ಣ ಪೂರ್ವಕ್ಕೆ ಮುಖಮಾಡಿ, ಕೈಯೆತ್ತಿ ಜಪಕ್ಕೆ ನಿಂತಿದ್ದಾನೆ. ಬಿಸಿಲಿಗೆ ಬಾಡಿದ ಕುಂತಿ ಬೆನ್ನ ಹಿಂದೆ, ಅವನ ಉತ್ತರೀಯದ ನೆರಳಲ್ಲಿ ಕಾಯುತ್ತಾಳೆ. ಹೆತ್ತ ಮಗ ಅವಳಿಗೆ ಕೊಟ್ಟ ನೆರಳು, ಅವನಿಗೇ ತಿಳಿಯದೆ ಕೊಟ್ಟದ್ದು.

ಸಂಬೋಧನೆಯಲ್ಲಿ ಬಹಳ ಎಚ್ಚರ ಬೇಕು. ಕೃಷ್ಣನಿಂದ ಜನ್ಮರಹಸ್ಯ ತಿಳಿದ ಮೇಲೂ ಕರ್ಣ ತನ್ನನ್ನು ರಾಧೇಯ ಎಂದೇ ಹೇಳಿಕೊಂಡು ನಮಸ್ಕರಿಸುತ್ತಾನೆ. ಹಾಗಾಗಿ ಮೊದಮೊದಲು ‘ಪಾಂಡವರ ತಾಯಿ’ ಎನ್ನಲಿ. ‘ಅಮ್ಮಾ’ ಎನ್ನುವುದು ಒಂದೇ ಸಲ, ವಚನ ಕೊಡುವಾಗ. ಮೊದಲೇ ಅಂದುಬಿಟ್ಟರೆ ಆಮೇಲಿನ ನಿರಾಕರಣೆ ಕ್ರೌರ್ಯವಾಗಿ ಕೇಳುತ್ತದೆ.

ನಿರಾಕರಿಸುವಾಗ ಕುಲದ ಅವಮಾನವನ್ನೇ ಎಳೆಯಬೇಡಿ. ಅದು ದೂರಿನ ಪಟ್ಟಿಯಾಗಿ, ಕುಂತಿಗೆ ಅಳುವುದೊಂದೇ ಉಳಿಯುತ್ತದೆ. ಮೂಲದಲ್ಲಿ ಕರ್ಣ ಕೃಷ್ಣನಿಗೆ ಹೇಳುವ ಕೆಲವು ಮಾತನ್ನು ಇಲ್ಲಿಗೆ ಉಳಿಸಿಕೊಳ್ಳಿ: ಮಗುವನ್ನು ತಂದ ದಿನವೇ ರಾಧೆಯ ಎದೆಯಲ್ಲಿ ಹಾಲು ಇಳಿದದ್ದು, ಅವಳು ಮಲಮೂತ್ರ ಬಳಿದದ್ದು, ದುರ್ಯೋಧನನ ಆಶ್ರಯದ 13 ವರ್ಷ. ಇವನ್ನು ಕುಂತಿಯ ಮೇಲೆ ಎಸೆಯದೆ ಮೆಲ್ಲಗೆ ಮುಂದಿಡಬೇಕು.

ವಚನದ ಲೆಕ್ಕ ನಿಧಾನವಾಗಿ ಬರಲಿ. ಅರ್ಜುನನೊಬ್ಬನನ್ನು ಬಿಟ್ಟು ಉಳಿದ ನಾಲ್ವರನ್ನು ಕೊಲ್ಲುವುದಿಲ್ಲ. ನಾನು ಸತ್ತರೂ ಅವನು ಸತ್ತರೂ ನಿನಗೆ ಮಕ್ಕಳು ಐವರೇ. ಇಲ್ಲಿ ಕುಂತಿ ತಡಬಡಿಸಿ ಉತ್ತರ ಕೊಡಬಾರದು. ಮೂಲದಲ್ಲಿ ಅವಳು ನಡುಗುತ್ತ ಅಪ್ಪಿಕೊಳ್ಳುತ್ತಾಳೆ. ಕೂತಲ್ಲೇ ಅರ್ಥ ಹೇಳುವ ನಮಗೆ ಆ ಅಪ್ಪುಗೆಯೂ ಮಾತಿನಲ್ಲೇ ಆಗಬೇಕು, ಎರಡು ವಾಕ್ಯದಲ್ಲಿ. ಅದಕ್ಕೆ ಮೊದಲು ನಾಲ್ಕು ಉಸಿರಿನಷ್ಟು ಹೊತ್ತು ಶ್ರುತಿ ಮಾತ್ರ ಕೇಳಲಿ. ತಗಡಿನ ಮಾಡಾದರೆ ಮಳೆಯ ಸದ್ದಿಗೆ ಸಣ್ಣ ದನಿ ಮುಳುಗುತ್ತದೆ. ಮೈಕನ್ನು ಗೇಣಿನೊಳಗೆ ಎಳೆದುಕೊಳ್ಳಿ, ದನಿ ಏರಿಸಬೇಡಿ.

ಯುದ್ಧ ಮುಗಿದು ತರ್ಪಣದ ಹೊತ್ತಿಗೆ ಕುಂತಿ ಧರ್ಮರಾಯನಿಗೆ ಸತ್ಯ ಹೇಳುವುದನ್ನು ಇಲ್ಲಿ ತರಬೇಡಿ. ಅವಳು ಎದ್ದು ಹೊರಟ ಮಾತಿಗೇ ಭಾಗವತರು ಮಂಗಳ ಎತ್ತಲಿ.