ಮಳೆಗಾಲದಲ್ಲಿ ಮಕ್ಕಳಿಗೆ ಮಾಲ್ಗುಡಿ ತೋರಿಸೋದು ಹೇಗೆ?

ಜುಲೈ ಬಂತೆಂದರೆ ನಮ್ಮ ಚಿಕ್ಕಮಗಳೂರು ಕಡೆ ಮಳೆಗೆ ಶಾಲೆಗಳಿಗೆ ರಜೆ. ಮಕ್ಕಳನ್ನು ಹೊರಗೆ ಬಿಡುವ ಹಾಗಿಲ್ಲ, ಮೊಬೈಲ್ ಕಿತ್ತುಕೊಂಡರೆ ಗಲಾಟೆ. ಹೋದ ವರ್ಷ ಇಂಥದ್ದೇ ಒಂದು ದಿನ ‘ಮಾಲ್ಗುಡಿ ಡೇಸ್’ ಹಾಕಿದೆ. ಹತ್ತೇ ನಿಮಿಷ, ಇಬ್ಬರೂ ಎದ್ದು ಹೋದರು. ತಪ್ಪು ನನ್ನದೇ. ವಯಸ್ಸಾದ ಅಪ್ಪ, ಮಾತು ಕೇಳದ ಮಗ ಇರುವ ‘ಮಿಠಾಯಿವಾಲಾ’ದಿಂದ ಶುರು ಮಾಡಿದ್ದೆ, ಅದೋ ಕಂತು ಕಂತಾಗಿ ಎಳೆಯುವ ಕಾದಂಬರಿ.

ಮೊದಲು ಒಂದೇ ಕಂತಿಗೆ ಮುಗಿಯುವ ಕಥೆ ಹಾಕಿ. 1986ರಲ್ಲಿ ದೂರದರ್ಶನಕ್ಕೆ ಶುರುವಾದ ಈ ಧಾರಾವಾಹಿಯಲ್ಲಿ ಶಂಕರ್ ನಾಗ್ ಮಾಡಿದ್ದು 39 ಕಂತು, 2006ರಲ್ಲಿ ಕವಿತಾ ಲಂಕೇಶ್ ಇನ್ನೂ 15 ಸೇರಿಸಿದರು. ಸಾಲಾಗಿ ನೋಡಬೇಕು ಅಂತೇನಿಲ್ಲ. ನಮ್ಮ ಮನೆಯಲ್ಲಿ ಗೆದ್ದದ್ದು ‘ಹೀರೋ’. ಧೈರ್ಯ ಇದ್ದರೆ ಒಬ್ಬನೇ ಮಲಗು ನೋಡೋಣ ಅಂತ ಅಪ್ಪ ಗಿರೀಶ್ ಕಾರ್ನಾಡ್ ಹೇಳುವಾಗ ಸ್ವಾಮಿ, ಅಂದರೆ ಮಾಸ್ಟರ್ ಮಂಜುನಾಥ್, ಮುಖ ಮಾಡುವುದನ್ನು ನೋಡಿಯೇ ನನ್ನ ಮಗ ಅಲ್ಲಿಂದ ಕದಲಲಿಲ್ಲ.

ಹಿಂದಿ ತಿಳಿಯಲ್ಲ ಅನ್ನುವ ಮಕ್ಕಳಿಗೆ ಹಿಂದಿನ ರಾತ್ರಿಯೇ ಕಥೆ ಹೇಳಿಬಿಡಿ. ಆರ್.ಕೆ. ನಾರಾಯಣ್ ಬರೆದ ಎಷ್ಟೋ ಕಥೆಗಳು ಐದಾರು ಪುಟ ಅಷ್ಟೇ. ನೀವು ಓದಿಕೊಂಡು, ನಿಮ್ಮ ಮನೆಯ ಕನ್ನಡದಲ್ಲೇ, ಬೇಕಾದರೆ ಅಂಚೆಯಣ್ಣನಿಗೆ ನಿಮ್ಮೂರಿನ ಅಂಚೆಯಣ್ಣನ ನಡಿಗೆಯನ್ನೇ ಕೊಟ್ಟು ಹೇಳಿ, ಆದರೆ ಕೊನೆ ಮಾತ್ರ ಹೇಳಬೇಡಿ. ಅದನ್ನು ಟಿವಿ ಹೇಳಲಿ. ಭಾಷೆ ಆಮೇಲೆ ಅಡ್ಡ ಬರುವುದಿಲ್ಲ.

ನೋಡಿದ ಮೇಲೆ ಪಾಠ ಮಾಡಲು ಹೋಗಬೇಡಿ, ಒಂದೇ ಪ್ರಶ್ನೆ ಎಸೆದು ಸುಮ್ನಿರಿ. ‘ಮಿಸ್ಸಿಂಗ್ ಮೇಲ್’ನಲ್ಲಿ ಅಂಚೆಯ ತಾನಪ್ಪ, ಮದುವೆ ನಿಲ್ಲಬಾರದು ಅಂತ ಸಾವಿನ ಸುದ್ದಿಯನ್ನೇ ಮುಚ್ಚಿಡುತ್ತಾನೆ. ಮಾಡಿದ್ದು ಸರಿಯಾ? ನಮ್ಮಮ್ಮ ಸರಿ ಅಂದರು, ಮಗಳು ತಪ್ಪು ಅಂದಳು, ಹಲಸಿನ ಹಪ್ಪಳದ ಡಬ್ಬಿ ಖಾಲಿಯಾದರೂ ಜಗಳ ಮುಗಿಯಲಿಲ್ಲ.

ಶುರುವಿನಲ್ಲಿ ಬರುವ ಎಲ್. ವೈದ್ಯನಾಥನ್ ಸಂಗೀತವನ್ನು ಓಡಿಸಬೇಡಿ. ಅದರ ಜೊತೆ ಕಾಣುವ ಚಿತ್ರಗಳು ನಾರಾಯಣ್ ಅವರ ತಮ್ಮ ಆರ್.ಕೆ. ಲಕ್ಷ್ಮಣ್ ಬರೆದದ್ದು, ಮಕ್ಕಳಿಗೆ ಹೇಳಿ.

ಇನ್ನು ವಿಷ್ಣುವರ್ಧನ್ ಗುಮಾಸ್ತನಾಗಿರುವ, ಮಗಳನ್ನು ಸಿನಿಮಾಕ್ಕೆ ಕರೆದುಕೊಂಡು ಹೋಗ್ತೀನಿ ಅಂತ ಮಾತು ಕೊಟ್ಟ ಅಪ್ಪನ ಕಥೆ ಇದೆಯಲ್ಲ, ನಲವತ್ತೈದು ರೂಪಾಯಿ ಸಂಬಳದ್ದು, ಅದನ್ನು ಮಕ್ಕಳು ಮಲಗಿದ ಮೇಲೆ ನೀವು ನೋಡಿ. ಕೆಲಸದಿಂದ ತಡವಾಗಿ ಬರುವವರಿಗೆ ಚುಚ್ಚುತ್ತದೆ.

ಕರೆಂಟ್ ನಂಬಬೇಡಿ. ನಾಲ್ಕೈದು ಕಂತು ಮೊದಲೇ ಡೌನ್‌ಲೋಡ್ ಮಾಡಿಟ್ಟುಕೊಳ್ಳಿ.

ಮಕ್ಕಳು ಮಾಲ್ಗುಡಿ ಎಲ್ಲಿದೆ ಅಂತ ಕೇಳಿಯೇ ಕೇಳುತ್ತಾರೆ. ಊರು ಕಲ್ಪನೆ, ಆದರೆ ಚಿತ್ರೀಕರಣ ಬಹುಪಾಲು ನಡೆದದ್ದು ನಮ್ಮ ಪಕ್ಕದ ಶಿವಮೊಗ್ಗ ಜಿಲ್ಲೆಯ ಆಗುಂಬೆಯಲ್ಲಿ. ಮಳೆ ನಿಂತ ಮೇಲೆ ಬೆಳಗ್ಗೆ ಬೇಗ ಹೊರಡಿ, ಆಲ್ದೂರು, ಬಾಳೆಹೊನ್ನೂರು, ಶೃಂಗೇರಿ ದಾಟಿದರೆ ಆಗುಂಬೆ. ಧಾರಾವಾಹಿಯಲ್ಲಿ ಕಾಣುವ ಅಲ್ಲಿನ ದೊಡ್ಡಮನೆ ಜನ ವಾಸ ಇರುವ ಮನೆ, ಕೇಳಿ ಒಳಗೆ ಹೋಗಿ. ಧಾರಾವಾಹಿಯಲ್ಲಿ ಬರುವ ರೈಲ್ವೆ ಸ್ಟೇಷನ್ ಎಲ್ಲಿ ಅಂತ ನನ್ನ ಮಗ ಊರೆಲ್ಲ ಹುಡುಕಿದ. ಆಗುಂಬೆಗೆ ರೈಲೇ ಇಲ್ಲ ಮಾರಾಯ, ಆ ಸ್ಟೇಷನ್ ಇರೋದು ದೂರದ ಅರಸಾಳಿನಲ್ಲಿ, ಹಳೇ ಕಟ್ಟಡ ಈಗ ಮಾಲ್ಗುಡಿ ಮ್ಯೂಸಿಯಂ ಆಗಿದೆ ಅಂದೆ. ಅವತ್ತಿಂದ ಅಲ್ಲಿಗೆ ಯಾವಾಗ ಅಂತ ಒಂದೇ ರಾಗ.