ಕಲ್ಲಿನ ಮೇಲಿನ ವರ್ಷ ಓದುವ ಬಗೆ: ಆದಿಲ್‌ಶಾಹಿ ಶಾಸನಗಳ ಜೊತೆ ನನ್ನ ಅನುಭವ

ಗೋಳಗುಮ್ಮಟ ಕಟ್ಟಿದ್ದು ಯಾವಾಗ ಎಂದರೆ ಬಹಳ ಜನ 1656 ಎನ್ನುತ್ತಾರೆ. ಅದು ಕಟ್ಟಿದ ವರ್ಷವಲ್ಲ. ಒಳಗೆ ಮಣ್ಣಾಗಿರುವ ಸುಲ್ತಾನ ಮುಹಮ್ಮದ್ ಆದಿಲ್‌ಶಾಹ್ ತೀರಿಕೊಂಡ ವರ್ಷ. 1627ರಲ್ಲಿ ಪಟ್ಟಕ್ಕೆ ಬಂದ ಅವನು ಬದುಕಿದ್ದಾಗಲೇ ಗುಮ್ಮಟದ ಕೆಲಸ ನಡೆದಿತ್ತು. ದಕ್ಷಿಣ ಬಾಗಿಲ ಮೇಲಿನ ಬರಹ ಹೇಳುವುದು ಸಾವಿನ ಸಂಗತಿಯನ್ನು, ಕಟ್ಟಡದ್ದನ್ನಲ್ಲ. ಶಾಸನದಿಂದ ಕಾಲ ತೆಗೆಯುವಾಗ ನಾನು ಮೊದಲು ಕೇಳಿಕೊಳ್ಳುವುದೇ ಇದನ್ನು: ಈ ವರ್ಷ ಯಾವ ಕೆಲಸದ ವರ್ಷ? ಓದುವುದು, ಕೂಡುವುದು, ಇಸವಿಗೆ ತಿರುಗಿಸುವುದು ಎಲ್ಲವೂ ಅದರ ನಂತರ.

ಆ ಬಾಗಿಲ ಬರಹದಿಂದಲೇ ಶುರು ಮಾಡೋಣ, ಕಲಿಯುವವರಿಗೆ ಅದಕ್ಕಿಂತ ಒಳ್ಳೆಯ ಪಾಠ ಬಿಜಾಪುರದಲ್ಲಿ ಇನ್ನೊಂದಿಲ್ಲ. ಅಲ್ಲಿರುವುದು ಫಾರಸಿಯ ಮೂರು ತುಂಡು ವಾಕ್ಯಗಳು. ಪ್ರತಿ ವಾಕ್ಯದ ಅಕ್ಷರಗಳ ಬೆಲೆ ಕೂಡಿದರೆ ಹಿಜರಿ ವರ್ಷ, ಅಂದರೆ ಮುಸ್ಲಿಮರ ಚಾಂದ್ರಮಾನ ವರ್ಷ, ಸಿಗುವಂತೆ ಹೆಣೆದಿದ್ದಾರೆ. ಈ ಲೆಕ್ಕಕ್ಕೆ ಅಬ್ಜದ್ ಎನ್ನುತ್ತಾರೆ. ಅಲಿಫ್ 1, ಬೇ 2, ಜೀಮ್ 3, ದಾಲ್ 4 ಎಂದು ಹತ್ತರವರೆಗೆ ಒಂದೊಂದಾಗಿ ಏರಿ, ಆಮೇಲೆ ಕಾಫ್ 20, ಲಾಮ್ 30 ಎಂದು ಹತ್ತು ಹತ್ತಾಗಿ, ನೂರು ದಾಟಿದ ಮೇಲೆ ರೇ 200, ಶೀನ್ 300, ತೇ 400 ಎಂದು ನೂರು ನೂರಾಗಿ ಸಾಗಿ ಗೈನ್ 1000ಕ್ಕೆ ಮುಗಿಯುತ್ತದೆ. ಅಂಗಡಿ, ಲಾರಿಗಳ ಮೇಲೆ ಕಾಣುವ 786 ಕೂಡ ಇದೇ ಲೆಕ್ಕ, ಬಿಸ್ಮಿಲ್ಲಾ ವಾಕ್ಯದ ಅಕ್ಷರಗಳ ಮೊತ್ತ. ಹೊಸದಾಗಿ ಕಲಿಯುವವರು ಮೊದಲು ಅದನ್ನು ಕೂಡಿ 786 ಬರಿಸಲಿ. ಬಂತೆಂದರೆ ಕೋಷ್ಟಕ ಕೈಗೆ ಹತ್ತಿದೆ ಎಂದರ್ಥ.

ಮೂರರಲ್ಲಿ ಒಂದು ವಾಕ್ಯ ‘ಸುಲ್ತಾನ್ ಮುಹಮ್ಮದ್ ಜನ್ನತ್ ಆಶಿಯಾನಿ’, ಸ್ವರ್ಗದಲ್ಲಿ ನೆಲೆಸಿದ ಸುಲ್ತಾನ ಮುಹಮ್ಮದ್ ಎಂದು. ಸುಲ್ತಾನ್ ಪದದಲ್ಲಿ ಸೀನ್ 60, ಲಾಮ್ 30, ತೋಯ್ 9, ಅಲಿಫ್ 1, ನೂನ್ 50, ಒಟ್ಟು 150. ಮುಹಮ್ಮದ್ ಎಂದರೆ ಮೀಮ್ 40, ಬಡೀ ಹೇ 8, ಮೀಮ್ 40, ದಾಲ್ 4, ಒಟ್ಟು 92. ಜನ್ನತ್ ಎಂದರೆ ಜೀಮ್ 3, ನೂನ್ 50, ತೇ 400, ಒಟ್ಟು 453. ಆಶಿಯಾನಿ ಎಂದರೆ ಅಲಿಫ್ 1, ಶೀನ್ 300, ಯೇ 10, ಅಲಿಫ್ 1, ನೂನ್ 50, ಯೇ 10, ಒಟ್ಟು 372. ಎಲ್ಲ ಕೂಡಿದರೆ 1067. ಇನ್ನೊಂದು ವಾಕ್ಯ ‘ಆಖಿಬತ್ ಮುಹಮ್ಮದ್ ಮಹಮೂದ್ ಶುದ್’, ಮುಹಮ್ಮದನ ಅಂತ್ಯ ಶ್ಲಾಘ್ಯವಾಯಿತು ಎಂದು. 573, 92, 98, 304. ಇದೂ 1067. ಒಂದೇ ಕಲ್ಲಿನ ಎರಡು ವಾಕ್ಯ ಒಂದೇ ಮೊತ್ತ ಕೊಟ್ಟರೆ ಓದು ಸರಿಯಿದೆ ಎಂದು ಧೈರ್ಯವಾಗಿ ಬರೆದುಕೊಳ್ಳಬಹುದು.

ಎಡವುವುದು ಎಲ್ಲಿ ಎಂಬುದೂ ಈ ವಾಕ್ಯಗಳಲ್ಲೇ ಕಾಣುತ್ತದೆ. ಮುಹಮ್ಮದ್ ಎಂದು ಬಾಯಲ್ಲಿ ಹೇಳುವಾಗ ನಡುವಿನ ಮಕಾರ ಒತ್ತಾಗುತ್ತದೆ, ಬರಹದಲ್ಲಿ ಮೀಮ್ ಒಂದೇ. ಲೆಕ್ಕಕ್ಕೆ ಬರುವುದು ಬರೆದದ್ದು ಮಾತ್ರ. ಎರಡು ಸಲ ಎಣಿಸಿದರೆ 40 ವರ್ಷ ಮುಂದೆ ಹೋಗುತ್ತೀರಿ. ಜನ್ನತ್ ಪದವನ್ನು ಅರಬ್ಬಿ ಪದ್ಧತಿಯಂತೆ ಕೊನೆಯಲ್ಲಿ ಗುಂಡು ಹೇ ಎಂದು ತಿಳಿದರೆ 400ರ ಬದಲು 5 ಬಂದು ಮೊತ್ತ 672ಕ್ಕೆ ಕುಸಿಯುತ್ತದೆ. ಫಾರಸಿ ಬರಹದಲ್ಲಿ ಅಲ್ಲಿರುವುದು ಉದ್ದನೆಯ ತೇ. ಆಶಿಯಾನಿಯ ಕೊನೆಯ ಯೇ ಕಣ್ಣು ತಪ್ಪಿದರೆ 1057, ಸುಲ್ತಾನ ಇನ್ನೂ ಬದುಕಿದ್ದ ವರ್ಷ. ಅರಬ್ಬಿಯಲ್ಲಿಲ್ಲದ ಫಾರಸಿ ಅಕ್ಷರಗಳಿಗೆ ನೆರೆಯ ಅಕ್ಷರದ ಬೆಲೆ: ಪೇಗೆ ಬೇಯ 2, ಚೇಗೆ ಜೀಮ್‌ನ 3, ಗಾಫ್‌ಗೆ ಕಾಫ್‌ನ 20.

ಎಲ್ಲಕ್ಕಿಂತ ದೊಡ್ಡ ಕಾಟ ಚುಕ್ಕಿಗಳದು. ಜೀಮ್ 3, ಬಡೀ ಹೇ 8, ಖೇ 600, ಮೂರರ ಆಕಾರವೂ ಒಂದೇ, ಬೇರೆ ಮಾಡುವುದು ಒಂದು ಚುಕ್ಕಿ. ದಾಲ್ 4, ಝಾಲ್ 700. ಸೀನ್ 60, ಶೀನ್ 300. ಹಳ್ಳಿಯ ದರ್ಗಾಗಳಲ್ಲಿ ಕಲ್ಲಿಗೆ ವರ್ಷ ವರ್ಷವೂ ಸುಣ್ಣವೋ ಹಸಿರು ಎಣ್ಣೆ ಬಣ್ಣವೋ ಬಳಿದಿರುತ್ತಾರೆ, ಅಕ್ಷರಗಳ ಸಂದುಗೊಂದು ಮುಚ್ಚಿ ಚುಕ್ಕಿಗಳು ಮಾಯವಾಗಿರುತ್ತವೆ. ಬಣ್ಣ ಕೆರೆಯಬೇಡಿ, ಅಕ್ಷರಕ್ಕೆ ಸೀಮೆಸುಣ್ಣ ತುಂಬಬೇಡಿ, ಎಣ್ಣೆ ಸವರಬೇಡಿ. ಸೀಮೆಸುಣ್ಣ ತುಂಬಿದವನು ತಾನು ಓದಿದ್ದನ್ನೇ ಬರೆದು ಹೋಗಿರುತ್ತಾನೆ, ಮುಂದಿನವನಿಗೆ ಕಲ್ಲು ಕಾಣುವುದಿಲ್ಲ, ಅವನ ಊಹೆ ಕಾಣುತ್ತದೆ.

ಇದಕ್ಕೆ ಮದ್ದು ಓರೆ ಬೆಳಕು. ದರ್ಗಾ ನೋಡಿಕೊಳ್ಳುವ ಮುಜಾವರರ ಅನುಮತಿ ಕೇಳಿಕೊಂಡು ಸಂಜೆ ಕತ್ತಲಾದ ಮೇಲೆ, ಇಲ್ಲವೇ ದಪ್ಪ ಬಟ್ಟೆ ಅಡ್ಡ ಹಿಡಿಸಿ, ಕ್ಯಾಮೆರಾವನ್ನು ಕಲ್ಲಿಗೆ ನೇರ ಎದುರಾಗಿ ನಿಲ್ಲಿಸುತ್ತೇನೆ. ಟಾರ್ಚನ್ನು ಪಕ್ಕದಿಂದ, ಕಲ್ಲಿನ ಮುಖಕ್ಕೆ 10ರಿಂದ 15 ಡಿಗ್ರಿಯಲ್ಲಿ ಹಿಡಿಯಬೇಕು. ಎಡದಿಂದ, ಬಲದಿಂದ, ಮೇಲಿನಿಂದ, ಕೆಳಗಿನಿಂದ ನಾಲ್ಕು ಫೋಟೊ, ಕ್ಯಾಮೆರಾ ಕದಲಬಾರದು. ಒಂದು ಬೆಳಕಿನಲ್ಲಿ ಕಾಣದ ಚುಕ್ಕಿ ಇನ್ನೊಂದರಲ್ಲಿ ಚಿಕ್ಕ ನೆರಳು ಬೀಳಿಸುತ್ತದೆ. ನಾಲ್ಕರಲ್ಲೂ ನೆರಳಿನ ದಿಕ್ಕು ಬೆಳಕಿನ ಜೊತೆ ತಿರುಗಿದರೆ ಅದು ಉಬ್ಬು ಅಕ್ಷರದ ಭಾಗ, ತಿರುಗದಿದ್ದರೆ ಬರಿ ಕಲೆ. ಪಕ್ಕದಲ್ಲಿ 10 ಸೆಂಟಿಮೀಟರಿನ ಕಪ್ಪು-ಬಿಳಿ ಅಳತೆಪಟ್ಟಿ ಇರಲಿ. ಪುರಾತತ್ವ ಸರ್ವೇಕ್ಷಣ ಇಲಾಖೆಯ ಸ್ಮಾರಕಗಳಲ್ಲಿ ಟ್ರೈಪಾಡ್‌ಗೆ ಮೊದಲೇ ಅನುಮತಿ ಬೇಕು, ಅಚ್ಚು ತೆಗೆಯುವುದಂತೂ ಇಲಾಖೆಯವರದೇ ಕೆಲಸ. ಹೊರಗೋಡೆಯ ಕಲ್ಲುಗಳಿಗೆ ಟಾರ್ಚ್ ಬೇಡ, ಬಿಸಿಲು ಗೋಡೆಯನ್ನು ಸವರಿಕೊಂಡು ಹೋಗುವ ಹೊತ್ತು ಕಾದರೆ ಸಾಕು. ನಡು ಮಧ್ಯಾಹ್ನದ ನೇರ ಬಿಸಿಲಿನ ಫೋಟೊ ನೋಡಲು ಚೆಂದ, ಓದಲು ಬರುವುದಿಲ್ಲ.

ಓದಿನ ದಿಕ್ಕೂ ಗೊತ್ತಿರಬೇಕು. ಬಾಗಿಲುಪಟ್ಟಿಗಳಲ್ಲಿ ಜಾಗ ಸಾಲದೆ ಪದಗಳನ್ನು ಒಂದರ ಮೇಲೊಂದು ಪೇರಿಸಿರುತ್ತಾರೆ. ಅಂಥಲ್ಲಿ ಬಲಗಡೆ ಕೆಳಗಿನಿಂದ ಶುರು ಮಾಡಿ ಮೇಲಕ್ಕೆ ಹೋಗುವುದು ಸಾಮಾನ್ಯ. ಅಂಕಿಗಳು ಮಾತ್ರ ಎಡದಿಂದ ಬಲಕ್ಕೆ. ಸೊನ್ನೆ ಎಂದರೆ ಒಂದು ಚುಕ್ಕಿ ಅಷ್ಟೆ, 5 ಎಂದರೆ ಸಣ್ಣ ಗುಂಡು. ಬಿಜಾಪುರದ ಜಾಮಿಯಾ ಮಸೀದಿಯ ಬಣ್ಣದ ಮಿಹ್ರಾಬಿನ (ಪ್ರಾರ್ಥನೆಯ ದಿಕ್ಕು ತೋರುವ ಗೋಡೆಗೂಡಿನ) ಅಲಂಕಾರ ಹಿಜರಿ 1045ರದು. ಇಂಥ ವರ್ಷದಲ್ಲಿ ಚುಕ್ಕಿ ಸವೆದರೆ ಉಳಿಯುವುದು 145. ಮೂರಂಕಿಯ ಅಸಂಬದ್ಧ ವರ್ಷ ಕಂಡರೆ ಮೊದಲು ಅಂಕಿಗಳ ನಡುವಿನ ಅಂತರ ಅಳೆಯಿರಿ.

ಹಿಜರಿಯಿಂದ ಇಸವಿಗೆ ಬರಲು 0.970224ರಿಂದ ಗುಣಿಸಿ 621.5774 ಕೂಡಿಸುತ್ತೇನೆ. 1067ಕ್ಕೆ 1656.81 ಬರುತ್ತದೆ. 1656 ಇಸವಿ, ದಶಾಂಶ .81 ಆ ಹಿಜರಿ ವರ್ಷ ಹುಟ್ಟಿದ ಸಮಯ. 365ರಿಂದ ಗುಣಿಸಿದರೆ ಸುಮಾರು 295ನೆಯ ದಿನ, ಅಕ್ಟೋಬರ್ ಮೂರನೆಯ ವಾರ. ಕೋಷ್ಟಕದಲ್ಲಿ ಮುಹರ್ರಂ 1 ಬೀಳುವುದು ಅಕ್ಟೋಬರ್ 20ಕ್ಕೆ. ಚಂದ್ರದರ್ಶನದ ಮೇಲೆ ನಡೆಯುವ ತಿಂಗಳಾದ್ದರಿಂದ ಒಂದೆರಡು ದಿನದ ಹಿಂದುಮುಂದು ಇದ್ದೇ ಇರುತ್ತದೆ. ಹಳೆಯ ಇಂಗ್ಲಿಷ್ ಬರಹಗಳಲ್ಲಿ ಅದೇ ದಿನ ಅಕ್ಟೋಬರ್ 10 ಎಂದಿದ್ದರೆ ಗಾಬರಿ ಬೇಡ, ಆಗ ಹಳೆಯ ಜೂಲಿಯನ್ ಮತ್ತು ಈಗಿನ ಗ್ರೆಗೋರಿಯನ್ ಕ್ಯಾಲೆಂಡರ್‌ಗಳ ನಡುವೆ 10 ದಿನದ ಅಂತರವಿತ್ತು. ಮುಖ್ಯವಾದದ್ದು ಇಷ್ಟು: ತಿಂಗಳು ಗೊತ್ತಿಲ್ಲದ ಹಿಜರಿ ವರ್ಷಕ್ಕೆ ಒಂದೇ ಇಸವಿ ಬರೆಯಬೇಡಿ. 1045 ಎಂದರೆ 1635-36. ಮಿಹ್ರಾಬಿಗೆ ಬರಿ 1636 ಎಂದು ಬರೆದರೆ ಅರ್ಧ ವರ್ಷವನ್ನು ನಾವಾಗಿಯೇ ಕತ್ತರಿಸಿ ಎಸೆದಂತೆ.

ಅಕ್ಷರಲೆಕ್ಕ ಸರಿಯಾಗಿ ಬಂದರೂ ಇತಿಹಾಸಕ್ಕೆ ಒಂದು ವರ್ಷ ಹೊಂದದೆ ಇರಬಹುದು. ದೆಹಲಿಯಲ್ಲಿ ಹುಮಾಯೂನ್ ಮೆಟ್ಟಿಲಿನಿಂದ ಬಿದ್ದು ಸತ್ತಾಗ ಹುಟ್ಟಿದ ‘ಹುಮಾಯೂನ್ ಪಾದಶಾಹ್ ಅಜ್ ಬಾಮ್ ಉಫ್ತಾದ್’, ಬಾದಶಹ ಹುಮಾಯೂನ್ ಮಾಳಿಗೆಯಿಂದ ಬಿದ್ದ, ಎಂಬ ವಾಕ್ಯ 112, 313, 8, 43, 486 ಸೇರಿ 962 ಕೊಡುತ್ತದೆ. ಅವನು ಸತ್ತದ್ದು 1556ರ ಜನವರಿಯಲ್ಲಿ, ಆಗ ಹಿಜರಿ 963 ಶುರುವಾಗಿ ಎರಡು ತಿಂಗಳಾಗಿತ್ತು. ವಾಕ್ಯ ಅಷ್ಟು ಸೊಗಸಾಗಿ ಕೂತಾಗ ಕವಿ ಒಂದು ವರ್ಷ ಬಿಟ್ಟುಕೊಟ್ಟಿದ್ದಾನೆ. ಕೆಲವರು ಬಿಡದೆ, ಇಂಥ ಅಕ್ಷರ ಕಳೆದುಕೋ, ಇಂಥದು ಸೇರಿಸಿಕೋ ಎಂದು ಹಿಂದಿನ ಸಾಲಿನಲ್ಲೇ ಸೂಚನೆ ಅಡಗಿಸಿರುತ್ತಾರೆ. ಹಾಗಾಗಿ ಪೂರ್ತಿ ಪದ್ಯ ಓದದೆ ಕೊನೆಯ ಸಾಲಿನ ಮೊತ್ತ ಮಾತ್ರ ಹಿಡಿದುಕೊಂಡು ಬರಬಾರದು.

ದಖನ್ನಿನಲ್ಲಿ ಕೆಲಸ ಮಾಡುವವರಿಗೆ ಇನ್ನೂ ಒಂದು ತೊಡಕು: ಶುಹೂರ್ ಸನ್. ಮೃಗಶಿರಾ ಮಳೆ ಕೂಡುವ ಹೊತ್ತಿಗೆ ಹೊಸ ವರ್ಷ ಹುಟ್ಟುವ ಸೌರ ಲೆಕ್ಕ ಇದು, ಕಂದಾಯಕ್ಕೆ ಅನುಕೂಲವೆಂದು ಆದಿಲ್‌ಶಾಹಿಗಳೂ ಮರಾಠರೂ ಬಳಸಿದರು. ಜೂನ್‌ನಿಂದ ಡಿಸೆಂಬರ್‌ವರೆಗಿನ ದಿನವಾದರೆ 599, ಜನವರಿಯಿಂದ ಮೇವರೆಗಾದರೆ 600 ಕೂಡಿಸಬೇಕು. ವರ್ಷವನ್ನು ಅರಬ್ಬಿ ಸಂಖ್ಯಾಪದಗಳಲ್ಲಿ, ಬಿಡಿಯಿಂದ ಶುರು ಮಾಡಿ ಬರೆಯುತ್ತಾರೆ: ಸಿತ್ ಸಬೈನ್ ತಿಸಾ ಮಯಾ, ಅಂದರೆ ಆರು, ಎಪ್ಪತ್ತು, ಒಂಬತ್ತು ನೂರು, 976. ಇದನ್ನು ಹಿಜರಿ ಎಂದುಕೊಂಡರೆ 1568-69, ಶುಹೂರ್ ಎಂದುಕೊಂಡರೆ 1575-76. ಏಳು ವರ್ಷದ ಫರಕು, ಎರಡೂ ಒಂದನೆಯ ಅಲಿ ಆದಿಲ್‌ಶಾಹನ ಆಳ್ವಿಕೆಯಲ್ಲೇ (1558–1580) ಬೀಳುವುದರಿಂದ ರಾಜನ ಹೆಸರು ಇಲ್ಲಿ ಕೈ ಹಿಡಿಯುವುದಿಲ್ಲ. ಸಾಲದ್ದಕ್ಕೆ ಅರಬ್ಬಿಯ ಎಪ್ಪತ್ತು ಮತ್ತು ತೊಂಬತ್ತು ಚುಕ್ಕಿ ಇಲ್ಲದಿದ್ದರೆ ಥೇಟ್ ಒಂದೇ ರೂಪ. ನಾಲ್ಕು ಹಲ್ಲುಗಳಲ್ಲಿ ಕೊನೆಯದರ ಕೆಳಗೆ ಒಂದು ಚುಕ್ಕಿ ಇದ್ದರೆ ಎಪ್ಪತ್ತು, ಮೊದಲನೆಯದರ ಮೇಲೆ ಎರಡಿದ್ದರೆ ತೊಂಬತ್ತು.

ಬಿಡಿಸಿಕೊಳ್ಳುವ ದಾರಿ ವಾರದ ಹೆಸರು. ಹಿಜರಿ ತಿಂಗಳು, ತಾರೀಖು, ವಾರ ಮೂರೂ ಇದ್ದರೆ ಎರಡು ಲೆಕ್ಕದಲ್ಲಿ ಸಾಮಾನ್ಯವಾಗಿ ಒಂದಕ್ಕೆ ಮಾತ್ರ ವಾರ ಹೊಂದುತ್ತದೆ. ಅದೇ ಕಲ್ಲಿನಲ್ಲಿ ಕನ್ನಡದಲ್ಲೋ ಮರಾಠಿಯಲ್ಲೋ ಶಕವರ್ಷವಿದ್ದರೆ ಇನ್ನೂ ಸಲೀಸು. ಶಕವರ್ಷಕ್ಕೆ 12 ಕೂಡಿಸಿ 60ರಿಂದ ಭಾಗಿಸಿದರೆ ಉಳಿಯುವ ಶೇಷವೇ ಪ್ರಭವದಿಂದ ಎಣಿಸಿದ ಸಂವತ್ಸರದ ಸಂಖ್ಯೆ (ಶೇಷ ಉಳಿಯದಿದ್ದರೆ 60, ಅಕ್ಷಯ). ಶಕ 1578ಕ್ಕೆ 30 ಉಳಿಯುತ್ತದೆ, ದುರ್ಮುಖಿ, ಗೋಳಗುಮ್ಮಟದ ಸುಲ್ತಾನ ಸತ್ತ ಸಂವತ್ಸರ. ಕಲ್ಲಿನ ಸಂವತ್ಸರದ ಹೆಸರೂ ಈ ಲೆಕ್ಕವೂ ಒಂದಾದರೆ ಅಂಕಿ ಸವೆದಿದ್ದರೂ ವರ್ಷ ನಿಲ್ಲುತ್ತದೆ.

ಮತ್ತೆ ಮೊದಲ ಪ್ರಶ್ನೆ, ಇದು ಯಾವ ಕೆಲಸದ ವರ್ಷ. ಮಲಿಕ್-ಎ-ಮೈದಾನ್ ತೋಪಿನ ಮೇಲೆ ಎರಡು ಕಾಲದ ಬರಹಗಳಿವೆ. ಮುಹಮ್ಮದ್ ಬಿನ್ ಹಸನ್ ರೂಮಿ ಅದನ್ನು ಅಹಮದ್‌ನಗರದಲ್ಲಿ ಎರಕ ಹೊಯ್ದದ್ದು ಹಿಜರಿ 956, ಅಂದರೆ 1549. ಔರಂಗಜೇಬ ಬಿಜಾಪುರ ಗೆದ್ದ ಮೇಲೆ ಕೆತ್ತಿಸಿದ್ದು ಹಿಜರಿ 1097ರ ಗೆಲುವಿನ ಬರಹ, ಇಸವಿ 1686. ಎರಡನೆಯದನ್ನು ಮಾತ್ರ ನೋಡಿದವರು ತೋಪು ಮೊಘಲರದು ಎಂದು ಬರೆದುಕೊಂಡು ಹೋಗುತ್ತಾರೆ. ಇರಾನಿನ ಇಸ್ಫಹಾನ್ ನಗರದ ಶೇಖ್ ಲುತ್ಫುಲ್ಲಾ ಮಸೀದಿಯಲ್ಲಿ ಮುಖಬಾಗಿಲಿಗೆ 1012, ಮಿಹ್ರಾಬಿಗೆ 1028. ಬಾಗಿಲಿನಿಂದ ಮಿಹ್ರಾಬಿನವರೆಗೆ ನಡೆಯುವಷ್ಟರಲ್ಲಿ 16 ಹಿಜರಿ ವರ್ಷ ದಾಟಿರುತ್ತೇವೆ.

ಅದಕ್ಕೇ ನನ್ನ ಟಿಪ್ಪಣಿ ಹಾಳೆಯಲ್ಲಿ ವರ್ಷದ ಕಲಂ ಕೊನೆಗೆ ಬರುತ್ತದೆ. ಮೊದಲು ಕಲ್ಲು ಎಲ್ಲಿದೆ, ನೆಲದಿಂದ ಎಷ್ಟು ಎತ್ತರ, ಗೋಡೆಯ ವರಸೆಗೆ ಹೊಂದಿ ಕೂತಿದೆಯೋ ಆಮೇಲೆ ಸಿಕ್ಕಿಸಿದ್ದೋ, ಗಾರೆಯ ಬಣ್ಣ ಸುತ್ತಲಿನದೇ ಹೌದೋ ಅಲ್ಲವೋ. ಬೇರೆಡೆಯಿಂದ ತಂದು ಬಾವಿಕಟ್ಟೆಗೋ ಹೊಸ ಮಸೀದಿಯ ಗೋಡೆಗೋ ಕೂಡಿಸಿದ ಕಲ್ಲು ಆ ಕಟ್ಟಡದ ವರ್ಷ ಹೇಳುವುದಿಲ್ಲ. ಗೋಳಗುಮ್ಮಟದ ಮುಂದಿನ ನಗಾರಖಾನೆಯ ವಸ್ತುಸಂಗ್ರಹಾಲಯದ ಶಾಸನಗಳಿಗೆ ಅವು ಸಿಕ್ಕ ಜಾಗದ ದಾಖಲೆಯೇ ಅರ್ಧ ಜೀವ. ಆಮೇಲೆ ಬರಹ ಉಬ್ಬೋ ಕೊರೆದದ್ದೋ, ಅಂಕಿಯೋ ಪದವೋ ಅಬ್ಜದ್ದೋ. ಓದಲಾಗದ ಅಕ್ಷರದ ಜಾಗ ಖಾಲಿ ಬಿಡುತ್ತೇನೆ, ಊಹಿಸಿದ್ದನ್ನು ಕಂಸದಲ್ಲಿ ಹಾಕುತ್ತೇನೆ.

ಯಾವ ಪಟ್ಟಿಯಲ್ಲೂ ಇಲ್ಲದ ಕಲ್ಲು ಸಿಕ್ಕರೆ ನಾಲ್ಕು ಬೆಳಕಿನ ಫೋಟೊ, ಅಳತೆ, ಜಾಗದ ನಕ್ಷೆ ಸೇರಿಸಿ ಸರ್ವೇಕ್ಷಣ ಇಲಾಖೆಯ ಅರಬ್ಬಿ-ಫಾರಸಿ ಶಾಸನ ವಿಭಾಗಕ್ಕೆ ಕಳಿಸಿ, ಅದು ನಾಗಪುರದಲ್ಲಿದೆ. ಕಲ್ಲಿನಲ್ಲಿ ಕನ್ನಡದ ಸಾಲುಗಳೂ ಇದ್ದರೆ ಒಂದು ಪ್ರತಿ ಮೈಸೂರಿನ ಶಾಸನ ಶಾಖೆಗೂ ಹೋಗಲಿ.