ಅಷ್ಟಮಿ ಮರುದಿನದ ಕೊಟ್ಟೆ ಕಡುಬು: ಹಿಂದಿನ ಸಂಜೆಯೇ ಬೇಯಿಸಿ ಗೆದ್ದ ನನ್ನ ಅನುಭವ

ಕಳೆದ ವಿಟ್ಲಪಿಂಡಿಯ, ಅಂದರೆ ಕೃಷ್ಣಾಷ್ಟಮಿ ಮರುದಿನದ, ಬೆಳಿಗ್ಗೆ ಏಳೂವರೆಗೆ 34 ಜನರ ಎಲೆಗೆ ಬಿಸಿ ಬಿಸಿ ಕೊಟ್ಟೆ ಕಡುಬು ಬಿತ್ತು. ಹಲಸಿನ ಎಲೆಯ ಕೊಟ್ಟೆಯಲ್ಲಿ ಇಡ್ಲಿಯ ಹಾಗೆ ಹಬೆಯಲ್ಲಿ ಬೇಯಿಸುವ ಕಡುಬು. ಮೂರು ವರ್ಷ ಸೋತು ನಾಲ್ಕನೇ ವರ್ಷ ಗೆದ್ದದ್ದು. ಸ್ವಲ್ಪ ಜಂಬ ಕೊಚ್ಚಿಕೊಂಡರೆ ಸಹಿಸಿಕೊಳ್ಳಿ.

ನಮ್ಮದು ಉಡುಪಿ ಪೇಟೆಯಿಂದ ಏಳೆಂಟು ಕಿಲೋಮೀಟರ್ ದೂರದ ಹಳೇ ಮನೆ. ಅಷ್ಟಮಿಗೆ ಬೆಂಗಳೂರು, ಮಂಗಳೂರು, ಪುಣೆಯಿಂದೆಲ್ಲ ನೆಂಟರು ಬಂದು ಸೇರುತ್ತಾರೆ. ಅರ್ಧ ಜನ ದೇವರಿಗೆ, ಉಳಿದರ್ಧ ಹುಲಿವೇಷಕ್ಕೆ. ಅಷ್ಟಮಿ ದಿನ ಉಪವಾಸ. ನಡುರಾತ್ರಿ ಚಂದ್ರ ಮೂಡುವ ಹೊತ್ತಿಗೆ ಅರ್ಘ್ಯ ಬಿಟ್ಟು ಮಲಗುವಾಗ ಗಂಟೆ ಒಂದಾಗಿರುತ್ತದೆ. ಬೆಳಿಗ್ಗೆ ಎದ್ದವರೆಲ್ಲ ಕೇಳುವುದು ಒಂದೇ, "ತಿಂಡಿ ಆಯ್ತಾ?" ಹಿಂದಿನ ದಿನ ಇಡೀ ಹಸಿದ ಹೊಟ್ಟೆ. ಹತ್ತು ನಿಮಿಷ ತಡವಾದರೂ ಮುಖ ದಪ್ಪಗಾಗುತ್ತದೆ.

ಅಮ್ಮ ಇರುವವರೆಗೆ ಈ ತಲೆಬಿಸಿ ನನಗಿರಲಿಲ್ಲ. ಅವಳು ಮೂರು ಗಂಟೆಗೆ ಎದ್ದು ಒಲೆ ಹಚ್ಚುತ್ತಿದ್ದಳು. ನಿದ್ದೆ ಮಾಡುತ್ತಿದ್ದಳೋ ಇಲ್ಲವೋ, ನಾವು ಯಾರೂ ಕೇಳಿರಲಿಲ್ಲ. ಅವಳ ನಂತರ ಕೆಲಸ ನನಗೂ ನನ್ನ ಹೆಂಡತಿಗೂ ಬಂತು.

ಕೊಟ್ಟೆ ಕಟ್ಟುವುದು, ಉದ್ದು ರುಬ್ಬುವುದು ನಿಮಗೆಲ್ಲ ಗೊತ್ತು ಅಂತಲೇ ಬರೆಯುತ್ತೇನೆ. ನಾನು ಕೆಟ್ಟದ್ದು ಎಲ್ಲೆಲ್ಲಿ ಅನ್ನುವುದೇ ಇಲ್ಲಿಯ ವಿಷಯ.

ಮೊದಲ ವರ್ಷ, 2022. ಅಮ್ಮನ ಕ್ರಮವನ್ನೇ ಹಿಡಿದೆವು. ಅಷ್ಟಮಿ ಸಂಜೆ ರುಬ್ಬಿಟ್ಟು ಬೆಳಿಗ್ಗೆ ಬೇಯಿಸುವುದು. ರಾತ್ರಿಯಿಡೀ ಮಳೆ ಹೊಯ್ಯಿತು. ಐದು ಗಂಟೆಗೆ ಮುಚ್ಚಳ ತೆಗೆದರೆ ಹಿಟ್ಟು ಇಟ್ಟಲ್ಲೇ ಇದೆ, ಒಂದು ಗುಳ್ಳೆ ಇಲ್ಲ. ಬೇರೆ ದಾರಿ ಇಲ್ಲದೆ ಹಾಗೇ ಬೇಯಿಸಿದೆವು. ಕಡುಬಲ್ಲ, ಅಡಿಪಾಯದ ಕಲ್ಲು. ಕೊನೆಗೆ ಹೋಟೆಲಿನಿಂದ ಇಡ್ಲಿ ವಡೆ ತರಿಸಿ, ಕೈಯಿಂದ ಎರಡು ಸಾವಿರದ ಹತ್ತಿರ ಬಿತ್ತು. ಹಬ್ಬದ ದಿನ ಉಡುಪಿಯ ಹೋಟೆಲಿನಲ್ಲಿ 34 ಪ್ಲೇಟು ಸಿಗಬೇಕಾದರೆ ಎಷ್ಟು ಹೊತ್ತು ನಿಲ್ಲಬೇಕು ಅಂತ ನಿಮಗೇ ಗೊತ್ತು. ತಿಂಡಿ ಆಗುವಾಗ ಹತ್ತೂವರೆ.

ಮರುವರ್ಷ ಜಾಣತನ ಮಾಡಿ ಹಿಟ್ಟಿನ ಪಾತ್ರೆಯನ್ನು ಬಚ್ಚಲ ಒಲೆಯ ಪಕ್ಕ ಇಟ್ಟೆ. ಆ ವರ್ಷ ಮಳೆ ಕೈಕೊಟ್ಟಿತ್ತು, ಸೆಪ್ಟೆಂಬರಿನಲ್ಲೂ ಸೆಕೆ. ಒಲೆಯ ಬಿಸಿಯೂ ಸೇರಿ, ಎರಡು ಗಂಟೆಗೆ ಎದ್ದು ನೋಡುವಾಗ ಹಿಟ್ಟು ಉಕ್ಕಿ ನೆಲದ ಮೇಲೆ ಹರಿಯುತ್ತಿತ್ತು. ಹುಳಿ ಅಂದರೆ ಹುಳಿ. ಅದರ ಮೇಲೆ ಉಪ್ಪು ಎರಡು ಸಲ ಬಿದ್ದಿತ್ತು, ನಾನೊಮ್ಮೆ, ಹೆಂಡತಿಯೊಮ್ಮೆ. ಉಪವಾಸ ಅಲ್ವಾ, ಯಾರೂ ನಾಲಿಗೆಗೆ ಹಾಕಿ ನೋಡಲಿಲ್ಲ. ದೇವರಿಗೆ ಇಡುವ ಮೊದಲು ಮಕ್ಕಳ ಕೈಯಲ್ಲಿ ರುಚಿ ನೋಡಿಸಲಿಕ್ಕೂ ಇಲ್ಲ. ಅಂದಿನಿಂದ ಉಪ್ಪನ್ನು ತೂಕದ ಯಂತ್ರದಲ್ಲೇ ಹಾಕುವುದು. ಒಂದೂಕಾಲು ಕೆ.ಜಿ. ಉದ್ದು, ಎರಡೂವರೆ ಕೆ.ಜಿ. ಅಕ್ಕಿ ತರಿಗೆ ಸುಮಾರು 90 ಗ್ರಾಂ. ಹಾಕಿದವರು ಪಾತ್ರೆಯ ಮುಚ್ಚಳದ ಮೇಲೆ ಒಂದು ತುಳಸಿ ಎಲೆ ಇಡಬೇಕು. ಎಲೆ ಇದ್ದರೆ ಉಪ್ಪು ಬಿದ್ದಿದೆ ಅಂತ ಅರ್ಥ.

ಆಗಲೇ ನನಗೆ ಹೊಳೆದದ್ದು. ರಾತ್ರಿಯೇ ಯಾಕೆ ಹುಳಿ ಬರಿಸಬೇಕು? ನಾವು ಮಲಗಿರುವಾಗ ಹಿಟ್ಟು ಏನು ಮಾಡುತ್ತದೆ ಅಂತ ಯಾರಿಗೆ ಗೊತ್ತು? ಅಷ್ಟಮಿ ಬೆಳಿಗ್ಗೆ ಎಂಟಕ್ಕೆ ರುಬ್ಬಿ ಇಟ್ಟರೆ ಹಗಲಿನ ಬಿಸಿಗೆ ಸಂಜೆ ನಾಲ್ಕೂವರೆ, ಐದಕ್ಕೆ ಹಿಟ್ಟು ತಯಾರು. ಕಣ್ಣೆದುರೇ ಇರುತ್ತದೆ. ನಿಧಾನವಾದರೆ ಬಿಸಿಲು ಬೀಳುವ ಕಿಟಕಿಗೆ, ಬೇಗ ಏಳುತ್ತಿದ್ದರೆ ನೀರಿನ ಬಾಣಲೆಯಲ್ಲಿ. ಐದರಿಂದ ಏಳೂವರೆಯೊಳಗೆ ಬೇಯಿಸಿ ಮುಗಿಸುವುದು, ಬೆಳಿಗ್ಗೆ ಬರೀ ಹಬೆ ತೋರಿಸುವುದು.

ಹೇಳಿದ ಕೂಡಲೇ ದೊಡ್ಡಮ್ಮ ಕಣ್ಣು ದೊಡ್ಡದು ಮಾಡಿದಳು. "ಎಂತ ಮಾಣಿ, ಹಬ್ಬದ ದಿನ ತಂಗಳು ತಿನ್ಸುದಾ?"

"ತಂಗಳಲ್ಲ ದೊಡ್ಡಮ್ಮ, ಎಲೆಯೊಳಗೇ ಇರ್ತದೆ. ಹಾಳಾಗುದಿಲ್ಲ."

"ನಿನ್ನ ಅಮ್ಮ ಹೀಗೆ ಮಾಡಿದ್ದು ಉಂಟಾ?"

ಅದಕ್ಕೆ ನನ್ನ ಹತ್ತಿರ ಉತ್ತರ ಇರಲಿಲ್ಲ. ಭಾವ ಬೇರೆ, "ಅದರ ಬದಲು ಬ್ರೆಡ್ ತಂದಿಡು ಮಾರಾಯ" ಅಂದ.

2024ರಲ್ಲಿ ಹಟಕ್ಕೆ ಬಿದ್ದು ಮಾಡಿದೆ. ಹಿಟ್ಟು ಚೆನ್ನಾಗಿ ಬಂತು, ಕಡುಬೂ ಚೆನ್ನಾಗಿ ಬೆಂತು. ಬೆಂದ ಬಿಸಿಯಲ್ಲೇ ಎಲ್ಲವನ್ನೂ ಸ್ಟೀಲ್ ಡ್ರಮ್ಮಿಗೆ ಒಂದರ ಮೇಲೊಂದು ಜೋಡಿಸಿ ಮುಚ್ಚಳ ಹಾಕಿದೆ. ಬಿಸಿ ಉಳಿಯಲಿ ಅಂತ. ಬೆಳಿಗ್ಗೆ ನೋಡಿದರೆ ಡ್ರಮ್ಮಿನ ತಳದಲ್ಲಿ ನೀರು. ಮೇಲಿನ ಇಪ್ಪತ್ತು ಸರಿ ಇದ್ದವು, ನಡುವಿನವು ಮೆತ್ತಗೆ, ಅಡಿಯವು ಅಂಟಂಟು, ಮೂಗಿಗೆ ಹಿಡಿದರೆ ಒಂಥರಾ ವಾಸನೆ. ಮೂವತ್ತರ ಮೇಲೆ ದನದ ಬಾನಿಗೆ ಹೋದವು. ದೊಡ್ಡಮ್ಮ ಏನೂ ಹೇಳಲಿಲ್ಲ. ಹೇಳಿದ್ದರೇ ವಾಸಿ ಇತ್ತು.

ಆದರೆ ಮೇಲಿನ ಆ ಇಪ್ಪತ್ತು ಕಡುಬು ನನ್ನನ್ನು ಬಿಡಲಿಲ್ಲ. ಅವು ಬೆಳಿಗ್ಗೆ ಬೇಯಿಸಿದ್ದಕ್ಕಿಂತ ಘಮ ಇದ್ದವು. ರಾತ್ರಿಯಿಡೀ ಹಲಸಿನ ಎಲೆಯೊಳಗೆ ಕೂತು ಎಲೆಯ ಪರಿಮಳ ಹೀರಿಕೊಂಡಿದ್ದವು. ಹಾಗಾದರೆ ಕ್ರಮ ತಪ್ಪಲ್ಲ, ನಾನು ಜೋಡಿಸಿದ್ದು ತಪ್ಪು.

2025ರಲ್ಲಿ ಒಂದು ಅನುಕೂಲ ಆಯ್ತು. ಬೆಂಗಳೂರಿನ ಭಾವನ ಮನೆಯಲ್ಲಿ ಚಾಂದ್ರಮಾನ, ಅವರ ಅಷ್ಟಮಿ ಆಗಸ್ಟ್ ನಡುವಿಗೇ ಬಂದುಹೋಯಿತು. ನಮ್ಮಲ್ಲಿ ಸೌರಮಾನ, ಸೆಪ್ಟೆಂಬರ್ 14. ಅಂದರೆ ನನಗೆ ಎರಡು ಅಷ್ಟಮಿ, ಒಂದು ಪ್ರಯೋಗಕ್ಕೆ! 40 ಖಾಲಿ ಕೊಟ್ಟೆ ಕಟ್ಟಿಕೊಂಡು ರಾತ್ರಿ ಬಸ್ಸಿನಲ್ಲಿ ಹೊರಟೆ. ಒದ್ದೆ ಬಟ್ಟೆ ಸುತ್ತಿ ರಟ್ಟಿನ ಪೆಟ್ಟಿಗೆಯಲ್ಲಿ ಇಟ್ಟಿದ್ದಕ್ಕೆ ನಾಲ್ಕೈದು ಬಿಟ್ಟು ಉಳಿದವೆಲ್ಲ ಸರಿಯಾಗಿ ತಲುಪಿದವು. ಬೆಂಗಳೂರಿನ ಆಗಸ್ಟ್ ಚಳಿಯಲ್ಲಿ ಮಾತ್ರ ಹಿಟ್ಟು ಹಗಲಲ್ಲೂ ಏಳಲಿಲ್ಲ. ಫ್ರಿಜ್ಜಿನ ಹಿಂದೆ ಬಿಸಿಗಾಳಿ ಬರುವ ಜಾಗದಲ್ಲಿ ಇಟ್ಟ ಮೇಲೂ ಹದಿಮೂರು, ಹದಿನಾಲ್ಕು ಗಂಟೆ ಬೇಕಾಯ್ತು. ಅಲ್ಲಿಯವರು ಇದನ್ನು ಲೆಕ್ಕಕ್ಕೆ ಇಟ್ಟುಕೊಳ್ಳಿ.

ಅಲ್ಲಿ ಕಲಿತದ್ದು ಆರಿಸುವ ಕೆಲಸ. ಬೆಂದ ಕಡುಬನ್ನು ಪಾತ್ರೆಯಿಂದ ತೆಗೆದ ಕೂಡಲೇ ಚಾಪೆಯ ಮೇಲೆ ತೆಳು ಬಟ್ಟೆ ಹಾಸಿ, ಒಂದಕ್ಕೊಂದು ತಾಗದ ಹಾಗೆ ನೆಟ್ಟಗೆ ನಿಲ್ಲಿಸಬೇಕು. ಫ್ಯಾನ್ ಹಾಕಬೇಡಿ, ಮೇಲ್ಭಾಗ ಒಣಗಿ ಚರ್ಮ ಕಟ್ಟುತ್ತದೆ. ಒಂದೂವರೆ ಗಂಟೆ ಬಿಟ್ಟು ಕೊಟ್ಟೆಯ ತಳ ಮುಟ್ಟಿ ನೋಡಿ. ಮೇಲೆ ತಣ್ಣಗಿದ್ದು ತಳ ಬೆಚ್ಚಗಿದ್ದರೆ ಇನ್ನೂ ಆಗಿಲ್ಲ. ಪೂರ್ತಿ ಆರಿದ ಮೇಲೆ ಅಗಲ ಬುಟ್ಟಿಯಲ್ಲಿ ಒಂದೇ ಸಾಲು, ಮೇಲೆ ಬಾಳೆಲೆ, ಅದರ ಮೇಲೆ ಬಟ್ಟೆ. ಡ್ರಮ್ಮಿನ ಹತ್ತಿರ ಹೋಗಲೇಬೇಡಿ.

ಸೆಪ್ಟೆಂಬರಿಗೆ ಇದನ್ನೇ ಮಾಡಿದೆ. ಅಷ್ಟಮಿಯ ಹಿಂದಿನ ದಿನ ಬೆಳಿಗ್ಗೆ ಎಲೆ ಕೊಯ್ದು ಸಂಜೆ ಕಟ್ಟಿದ್ದು. ಆಗಷ್ಟೇ ಕೊಯ್ದ ಎಲೆ ಮಡಚುವಾಗ ಸೀಳುತ್ತದೆ, ಅರ್ಧ ದಿನ ಬಾಡಿದರೆ ಹೇಳಿದ ಹಾಗೆ ಕೇಳುತ್ತದೆ. ಹೊಸ ಹಿಡಿಸೂಡಿ (ತೆಂಗಿನ ಗರಿಯ ಪೊರಕೆ) ಕಡ್ಡಿ, ಒಂದು ಕೊಟ್ಟೆಗೆ ನಾಲ್ಕು ಎಲೆ. 75 ಕೊಟ್ಟೆಗೆ ನಮ್ಮಿಬ್ಬರಿಗೆ ಎರಡು ಗಂಟೆ ಹಿಡಿಯಿತು. ಪೇಟೆಯಲ್ಲಿ ಕಟ್ಟಿದ ಕೊಟ್ಟೆಗೆ ಒಂದಕ್ಕೆ ಎಂಟೋ ಹತ್ತೋ ರೂಪಾಯಿ ಹೇಳುತ್ತಿದ್ದರು. ಹಿತ್ತಲಲ್ಲಿ ಹಲಸಿನ ಮರ ಇಟ್ಟುಕೊಂಡು ಏಳುನೂರು ಕೊಡಲು ಮನಸ್ಸು ಬರಲಿಲ್ಲ.

ಮುಕ್ಕಾಲು ತುಂಬಿಸಿ, ಒಂದು ಸಲಕ್ಕೆ ಇಪ್ಪತ್ತೈದರಂತೆ ಮೂರು ಸಲ, ಪ್ರತಿ ಸಲ 35 ನಿಮಿಷ. ತಳದ ನೀರಿಗೆ ಒಂದು ನಾಣ್ಯ ಹಾಕಿದ್ದೆ. ಟಕಟಕ ಸದ್ದು ನಿಂತರೆ ನೀರು ಮುಗಿಯಿತು ಅಂತ. ಹಸಿದ ಹೊಟ್ಟೆಯಲ್ಲಿ ಹಬೆಯ ಮುಂದೆ ನಿಂತಾಗ ಕಣ್ಣು ಮಂಜಾಗುತ್ತದೆ, ಕಿವಿ ಕೆಲಸ ಮಾಡುತ್ತದೆ. ಉದ್ದು ರುಬ್ಬುವಾಗ ನೀರಿನ ಜೊತೆ ನಾನು ಸೇರಿಸುವುದು ಒಂದಿದೆ. ಅದನ್ನು ಇಲ್ಲಿ ಬರೆಯುವುದಿಲ್ಲ. ಸೋಡಾ ಅಂತೂ ಅಲ್ಲ.

ಬೆಳಿಗ್ಗೆ ಆರೂಮುಕ್ಕಾಲಿಗೆ ಎರಡು ಇಡ್ಲಿ ಪಾತ್ರೆಯಲ್ಲಿ ನೀರು ಕುದಿಯಲು ಇಟ್ಟೆ. ಒಂದು ಪಕ್ಕದ ಮನೆಯದು. ಕೊಟ್ಟೆಗಳ ಮೇಲೆ ಕೈಯಲ್ಲಿ ನೀರು ಚಿಮುಕಿಸಿ, ನೀರು ಜೋರಾಗಿ ಕುದಿಯುವಾಗಲೇ ಒಳಗಿಟ್ಟು, ಮುಚ್ಚಳದ ಅಡಿಗೆ ದಪ್ಪ ಬಟ್ಟೆ ಕಟ್ಟಿ 12 ನಿಮಿಷ. ಜಾಸ್ತಿ ಬೇಡ, ಕಡುಬು ಮತ್ತೆ ನೀರು ಕುಡಿಯುತ್ತದೆ.

ದೇವರಿಗೆ ಐದು ಕಡುಬು ಮಾತ್ರ ಹೊಸದಾಗಿ ಬೇಯಿಸಬೇಕು ಅಂತ ದೊಡ್ಡಮ್ಮನ ಜೊತೆ ಒಪ್ಪಂದ ಆಗಿತ್ತು. ಅದಕ್ಕೆ ಬೇಕಾದಷ್ಟು ಹಿಟ್ಟು ತೆಗೆದಿಟ್ಟಿದ್ದೆ. ಫ್ರಿಜ್ಜಿನಲ್ಲಿ. ಅದೊಂದು ಅವಳಿಗೆ ಹೇಳಲಿಲ್ಲ. ನೈವೇದ್ಯ ಆದ ಮೇಲೆ ಅವಳ ಎಲೆಗೆ ಹೊಸದೊಂದು, ಹಿಂದಿನ ಸಂಜೆಯದೊಂದು ಹಾಕಿ ಸುಮ್ನೆ ನಿಂತೆ. ಎರಡನ್ನೂ ತಿಂದು, ಸಂಜೆಯದನ್ನು ತೋರಿಸಿ, "ಇದು ಈಗ ಬೆಂದದ್ದಲ್ವಾ? ಒಳ್ಳೆ ಪರಿಮಳ" ಅಂದಳು. ನಾನು ಹೌದೂ ಅನ್ನಲಿಲ್ಲ, ಅಲ್ಲವೂ ಅನ್ನಲಿಲ್ಲ. ಭಾವ ಐದು ತಿಂದ. ಬ್ರೆಡ್ ನೆನಪಿಸಿದೆ.

ಖರ್ಚು ಹೇಳುತ್ತೇನೆ. ಉದ್ದಿಗೆ 170ರ ಹತ್ತಿರ, ತರಿಗೆ 150. ಗ್ಯಾಸ್ ಎಪ್ಪತ್ತೋ ಎಂಬತ್ತೋ. ನಿಜವಾಗಿ ಕೈ ಸುಟ್ಟದ್ದು ಚಟ್ನಿಯಲ್ಲಿ. ಆ ವರ್ಷ ತೆಂಗಿನಕಾಯಿ ಕೆ.ಜಿ.ಗೆ 60 ದಾಟಿತ್ತು. ಚಟ್ನಿ, ಸಾಂಬಾರು, ಮಕ್ಕಳಿಗೆ ಬೆಲ್ಲ ಹಾಕಿದ ಕಾಯಿಹಾಲು ಸೇರಿ ಎಂಟು ಕಾಯಿ. ಒಟ್ಟು ಏಳುನೂರರ ಆಸುಪಾಸು. ಅಡುಗೆಯವರೊಬ್ಬರು ಬರೀ ಕಡುಬಿಗೇ ಒಂದಕ್ಕೆ 25 ಕೇಳಿದ್ದರು. ನೀವೇ ಗುಣಿಸಿ ನೋಡಿ.

ಆಮೇಲೆ ತಲೆ ತಿರುಗಿ ಇನ್ನೂ ಕೆಲವು ಮಾಡಿ ನೋಡಿದೆ. ಬೆಂದ ಕಡುಬನ್ನು ಕೊಟ್ಟೆ ಸಮೇತ ಫ್ರೀಜರಿನಲ್ಲಿ ಎರಡು ವಾರ ಇಟ್ಟು 20 ನಿಮಿಷ ಹಬೆ ಕೊಟ್ಟರೆ ಮೆತ್ತಗೇ ಬರುತ್ತದೆ, ಎಲೆ ಕಪ್ಪಾಗುತ್ತದೆ, ಪರಿಮಳ ಅರ್ಧ. ಸ್ಟೀಲ್ ಲೋಟದ ತಳಕ್ಕೆ ಎಲೆಯ ಚೂರು ಹಾಕಿ ಬೇಯಿಸಿದ್ದು ಬರೀ ಲೋಟದ ಇಡ್ಲಿ. ಕೇಕ್ ಟ್ರೇಗೆ ಹಲಸಿನ ಎಲೆ ಹಾಸಿ ಹಿಟ್ಟು ಸುರಿದು ಬೇಯಿಸಿ ತುಂಡು ಮಾಡಿದ್ದು ಮಾತ್ರ ಪರವಾಗಿಲ್ಲ. ಕೊಟ್ಟೆ ಕಟ್ಟುವ ಕೆಲಸ ಇಲ್ಲ, ಹತ್ತು ಜನಕ್ಕೆ ಒಂದೇ ಟ್ರೇ, ಹಿಂದಿನ ದಿನವೇ ಮಾಡಿಡಬಹುದು. ದೊಡ್ಡಮ್ಮ ಅದನ್ನು ಢೋಕ್ಲಾ ಅಂತ ಕರೆದಳು, ನಮ್ಮಲ್ಲಿ ಅದು ಅಲ್ಲಿಗೇ ನಿಂತಿತು. ವಿದೇಶದಲ್ಲಿರುವವರು, ಹಲಸಿನ ಎಲೆ ಸಿಗದವರು ಬಾಳೆಲೆ ಹಾಸಿ ಮಾಡಿ ನೋಡಬಹುದು. ರಾಗಿ ತರಿಯದ್ದು ಕೇಳಬೇಡಿ.

75ರಲ್ಲಿ ಏಳು ಉಳಿದಿದ್ದವು. ಮಧ್ಯಾಹ್ನ ಮೊಸರು ಕುಡಿಕೆ ನೋಡಿ, ಹುಲಿಗಳ ಹಿಂದೆ ಸುತ್ತಿ, ಕತ್ತಲಾಗುವಾಗ ಎಲ್ಲರೂ ಹಸಿದು ಬಂದರು. ಉಳಿದದ್ದನ್ನು ಪುಡಿ ಮಾಡಿ ಸಾಸಿವೆ, ಒಣಮೆಣಸು, ಕರಿಬೇವಿನ ಒಗ್ಗರಣೆ ಕೊಟ್ಟು ತೆಂಗಿನೆಣ್ಣೆ ಬಿಟ್ಟೆ. ಜನಕ್ಕೆ ಎರಡು ಚಮಚ ಬಂತು, ಬಾಣಲೆ ಕೆರೆಯಲು ಮಕ್ಕಳ ಜಗಳ. ಈ ವರ್ಷ 90 ಕೊಟ್ಟೆ ಕಟ್ಟಬೇಕು ಅಂತಿದ್ದೇನೆ.